ಮಗಳಿಗೊಂದು ಪತ್ರ: ಕಟ್ಟು ಬಿಚ್ಚುವ ದಿನ

ಕೊಪ್ಪ,
ಚಿಕ್ಕಮಗಳೂರು ಜಿಲ್ಲೆ

ಚಿರಂಜೀವಿ ಪುಟ್ಟಿಗೆ ಅಮ್ಮನ ಆಶೀರ್ವಾದಗಳು.

ಇಲ್ಲಿ ನಾವೆಲ್ಲರೂ ಕ್ಷೇಮ. ಮೂರು ದಿನಗಳಿಂದ ಮಳೆ ಬಿಟ್ಟಿಲ್ಲ, ಕರೆಂಟೂ ಇಲ್ಲ, ಫೋನಿಗೆ ಸಿಗ್ನಲ್ಲೂ ಇಲ್ಲ. ಆದ್ದರಿಂದ ಕಾಗದ ಬರೆಯಲು ಕುಳಿತಿದ್ದೇನೆ. ಭಾನುವಾರ ರಾತ್ರಿ ನೀನು ಹೇಳಿದ ಮಾತು ಮನಸ್ಸಿನಲ್ಲೇ ಉಳಿದಿದೆ. ಮೊದಲಿನಿಂದ ಕೊನೆಯವರೆಗೆ ನೀನೇ ಮಾಡಿದ ಮೊದಲ ಹರ್ನಿಯಾ ಆಪರೇಷನ್ನಿನ ಗಾಯದಲ್ಲಿ ಕೀವು ಕಾಣಿಸಿಕೊಂಡಿದೆ ಎಂದೆ. ಆ ಹಾಸಿಗೆಯ ಮುಂದೆ ನಿಲ್ಲಲಾರದೆ ಡ್ರೆಸಿಂಗನ್ನು ಹೌಸ್ ಸರ್ಜನ್ನಿಗೆ ಒಪ್ಪಿಸಿ ಬಂದೆ ಎಂದೂ ಹೇಳಿದೆ. ಕೀವಿನ ವಿಷಯ ನನ್ನನ್ನು ಅಷ್ಟಾಗಿ ಕಾಡಲಿಲ್ಲ, ನೀನು ಅಲ್ಲಿಂದ ಎದ್ದು ಬಂದದ್ದು ಕಾಡಿತು.

ಮೂವತ್ತೆರಡು ವರ್ಷ ಸರ್ಕಾರಿ ಆಸ್ಪತ್ರೆಯ ಆಪರೇಷನ್ ಕೋಣೆಯಲ್ಲಿ ನರ್ಸಾಗಿ ಟ್ರಾಲಿ ಜೋಡಿಸಿದವಳು ನಾನು, ಚಾಕು ಹಿಡಿದವಳಲ್ಲ. ಆದರೂ ನಿವೃತ್ತಿಯ ನಂತರ ಶಸ್ತ್ರಚಿಕಿತ್ಸೆಯ ಚರಿತ್ರೆಯನ್ನು ಓದುತ್ತಾ ಬಂದಂತೆ ನನಗೊಂದು ಸಂಗತಿ ಎದ್ದು ಕಂಡಿದೆ. ಆ ಚರಿತ್ರೆಯಲ್ಲಿ ಹೆಸರುಳಿದವರ ಧೈರ್ಯವನ್ನು ಎಲ್ಲರೂ ಹೊಗಳುತ್ತಾರೆ. ಆದರೆ ಅವರಲ್ಲಿ ಹಲವರು ಆ ವಿದ್ಯೆಯ ದಾರಿಯನ್ನೇ ತಿರುಗಿಸಿದ್ದು ಆಪರೇಷನ್ ಮೇಜಿನ ಮೇಲಲ್ಲ, ಮರುದಿನವೋ ಮರುವರ್ಷವೋ ರೋಗಿಯ ಬಳಿಗೆ ಹೋಗಿ ನೋಡಿದಾಗ.

ಸುಶ್ರುತನೆಂದರೆ ಕತ್ತರಿಸಿದ ಮೂಗನ್ನು ಮತ್ತೆ ಕಟ್ಟಿಕೊಟ್ಟವನು ಎಂದಷ್ಟೇ ಜನ ಬಲ್ಲರು. ಕುಂಬಳ, ಸೋರೆ, ಸೌತೆಗಳ ಮೇಲೆ ಶಿಷ್ಯರಿಗೆ ಕೊಯ್ಯುವುದನ್ನು ಅಭ್ಯಾಸ ಮಾಡಿಸಬೇಕೆಂದು ಅವನ ಸಂಹಿತೆ ಹೇಳುವುದನ್ನು ನೀನೂ ಓದಿದ್ದೀಯೆ. ನನಗೆ ಅದಕ್ಕಿಂತ ಹಿಡಿಸಿದ್ದು ಗಾಯದ ಕಟ್ಟನ್ನು ಮೂರನೆಯ ದಿನ ಬಿಚ್ಚಬೇಕು, ಅವಸರಪಟ್ಟು ಎರಡನೆಯ ದಿನವೇ ಬಿಚ್ಚಿದರೆ ಗಾಯ ಮಾಯುವುದು ತಡವಾಗಿ ನೋವು ಹೆಚ್ಚುತ್ತದೆ ಎಂಬ ಮಾತು. ರೋಗಿಯ ಕೋಣೆಯಲ್ಲಿ ಸಾಸಿವೆ, ಬೇವಿನ ಎಲೆ, ತುಪ್ಪ, ಉಪ್ಪುಗಳ ಧೂಪವನ್ನು ದಿನಕ್ಕೆರಡು ಬಾರಿ ಹತ್ತು ದಿನಗಳವರೆಗೆ ಆಲಸ್ಯವಿಲ್ಲದೆ ಹಾಕಬೇಕೆಂದೂ ಅಲ್ಲಿದೆ. ‘ಆಲಸ್ಯವಿಲ್ಲದೆ’ ಎಂದು ಸೇರಿಸಿದವನು ವಾರ್ಡಿನಲ್ಲಿ ಓಡಾಡಿದವನೇ ಇರಬೇಕು; ಐದನೆಯ ದಿನಕ್ಕೆ ಧೂಪ ಹಾಕುವವರು ಮೈಗಳ್ಳರಾಗುತ್ತಾರೆಂಬುದು ಅವನಿಗೆ ಚೆನ್ನಾಗಿ ಗೊತ್ತಿತ್ತು.

1537ರಲ್ಲಿ ಇಟಲಿಯ ಟ್ಯೂರಿನ್ ಬಳಿ ಯುದ್ಧಕ್ಕೆ ಹೊರಟ ಫ್ರೆಂಚ್ ಸೈನ್ಯದೊಂದಿಗೆ ಆಂಬ್ರೋಸ್ ಪಾರೆ ಎಂಬ ಯುವಕನಿದ್ದ. ವಿಶ್ವವಿದ್ಯಾಲಯದ ವೈದ್ಯನಲ್ಲ, ಕ್ಷೌರಿಕರ ಸಂಘದಲ್ಲಿ ಕಲಿತ ಶಸ್ತ್ರವೈದ್ಯ, ಲ್ಯಾಟಿನ್ ಬಾರದವನು. ಗುಂಡೇಟಿನ ಗಾಯದಲ್ಲಿ ಸಿಡಿಮದ್ದಿನ ವಿಷ ಸೇರಿರುತ್ತದೆಂದು ನಂಬಿ ಅದರೊಳಗೆ ಕುದಿಯುವ ಎಣ್ಣೆ ಹೊಯ್ಯುವುದು ಆಗಿನ ಪದ್ಧತಿಯಾಗಿತ್ತು. ಅಂದು ಗಾಯಾಳುಗಳು ಹೆಚ್ಚಾಗಿ ಎಣ್ಣೆ ಮುಗಿದುಹೋದಾಗ ಪಾರೆ ಬೇರೆ ದಾರಿ ಕಾಣದೆ ಮೊಟ್ಟೆಯ ಹಳದಿ ಭಾಗ, ಗುಲಾಬಿ ಎಣ್ಣೆ ಮತ್ತು ಟರ್ಪೆಂಟೈನ್ ಕಲಸಿ ಉಳಿದವರಿಗೆ ಹಚ್ಚಿದ. ಎಣ್ಣೆ ಕಾಣದ ಆ ಸೈನಿಕರು ಬೆಳಗಾಗುವುದರೊಳಗೆ ವಿಷವೇರಿ ಸತ್ತಿರುತ್ತಾರೆಂಬ ಭಯದಿಂದ ಅವನಿಗೆ ರಾತ್ರಿಯೆಲ್ಲ ನಿದ್ದೆ ಹತ್ತಲಿಲ್ಲ. ನಸುಕಿನಲ್ಲೇ ಎದ್ದು ಹೋಗಿ ನೋಡಿದರೆ ಲೇಪ ಹಚ್ಚಿದವರು ಹೆಚ್ಚು ನೋವಿಲ್ಲದೆ ಮಲಗಿದ್ದರು. ಎಣ್ಣೆ ಹೊಯ್ಯಿಸಿಕೊಂಡವರು ಗಾಯ ಊದಿ, ಜ್ವರದಿಂದ ನರಳುತ್ತಿದ್ದರು. ಎಣ್ಣೆ ಮುಗಿದದ್ದು ಅವನ ಜಾಣತನವೇನೂ ಅಲ್ಲ, ಹಾಗೆಂದು ಅವನೂ ಹೇಳಿಕೊಳ್ಳಲಿಲ್ಲ. ಹೆದರಿಕೆಯಿದ್ದೂ ಆ ನಸುಕಿನಲ್ಲಿ ಡೇರೆಗೆ ಹೋದನಲ್ಲ, ಅದು ಅವನದು.

ನೋವು ತಿಳಿಯದಂತೆ ಮಾಡುವ ಈಥರ್ ಮತ್ತು ಕೀವು ತಡೆಯುವ ಕಾರ್ಬಾಲಿಕ್ ಆಮ್ಲದ ಕಥೆಯನ್ನು ನಿನಗೆ ಹೇಳುವ ಅಗತ್ಯವಿಲ್ಲ. 1846ರ ಅಕ್ಟೋಬರ್ 16ರಂದು ಬೋಸ್ಟನ್ನಿನಲ್ಲಿ ದಂತವೈದ್ಯ ಮಾರ್ಟನ್ ಈಥರಿನ ಗುಣವನ್ನು ಎಲ್ಲರೆದುರು ತೋರಿಸುವವರೆಗೆ ವೇಗವೇ ಕೈಚಳಕವೆನಿಸಿತ್ತು. ರೋಗಿ ಕಿರುಚುತ್ತಿರುವಾಗ ಇನ್ನೇನು ತಾನೆ ಮಾಡಲಾದೀತು? 1865ರ ಆಗಸ್ಟ್ 12ರಂದು ಗ್ಲಾಸ್ಗೋದಲ್ಲಿ ಗಾಡಿಯ ಚಕ್ರ ಹರಿದು ಮೂಳೆ ಹೊರಬಂದಿದ್ದ ಹನ್ನೊಂದು ವರ್ಷದ ಹುಡುಗನ ಕಾಲಿಗೆ ಶಸ್ತ್ರವೈದ್ಯ ಲಿಸ್ಟರ್ ಕಾರ್ಬಾಲಿಕ್ ಆಮ್ಲದಲ್ಲಿ ಅದ್ದಿದ ಬಟ್ಟೆ ಕಟ್ಟಿ, ನಾಲ್ಕು ದಿನ ಕಾದು ಬಿಚ್ಚಿದಾಗ ಕೀವಿರಲಿಲ್ಲ. ಆದರೆ ಆಮ್ಲದಿಂದ ಚರ್ಮ ಕೆಂಪಾಗಿದ್ದನ್ನು ಕಂಡು ಅದನ್ನು ತೆಳುಗೊಳಿಸುತ್ತಾ ಹೋದರು. ಆರು ವಾರಗಳಲ್ಲಿ ಮೂಳೆ ಕೂಡಿತು. ಹಾಗೆಯೇ, ನೀನು ಒಮ್ಮೆ ಹಾಕಿ ಎಸೆಯುವ ಗ್ಲೌಸ್ ಮೊದಲು ಹುಟ್ಟಿದ್ದು ರೋಗಿಗಾಗಿಯಲ್ಲ, ಒಬ್ಬ ನರ್ಸಿನ ಕೈಗಾಗಿ. ಬಾಲ್ಟಿಮೋರಿನಲ್ಲಿ ಕ್ಯಾರೊಲಿನ್ ಹ್ಯಾಂಪ್ಟನ್ ಅವರ ಕೈಚರ್ಮ ಕ್ರಿಮಿ ಕೊಲ್ಲಲು ಬಳಸುತ್ತಿದ್ದ ಪಾದರಸದ ದ್ರಾವಣದಿಂದ ಹುಣ್ಣಾಗುತ್ತಿದ್ದುದನ್ನು ಕಂಡ ಶಸ್ತ್ರವೈದ್ಯ ಹಾಲ್‌ಸ್ಟೆಡ್ ತೆಳು ರಬ್ಬರಿನ ಗ್ಲೌಸ್ ಮಾಡಿಸಿಕೊಟ್ಟರು. 1890ರಲ್ಲಿ ಅವರನ್ನೇ ಮದುವೆಯಾದರು. ನಾವು ಕೆಲಸಕ್ಕೆ ಸೇರಿದಾಗ ಗ್ಲೌಸನ್ನು ತೊಳೆದು, ತಂತಿಗೆ ತೂಗುಹಾಕಿ, ಒಣಗಿದ ಮೇಲೆ ಗಾಳಿ ತುಂಬಿ ಕೆನ್ನೆಯ ಬಳಿ ಹಿಡಿದು ತೂತಿದೆಯೇ ಎಂದು ನೋಡಿ, ಪೌಡರ್ ಹಾಕಿ, ಡ್ರಮ್ಮಿನಲ್ಲಿಟ್ಟು ಬಿಸಿ ಆವಿಯಲ್ಲಿ ಕ್ರಿಮಿ ಕೊಲ್ಲುವ ಆಟೋಕ್ಲೇವಿಗೆ ಕಳುಹಿಸುತ್ತಿದ್ದೆವು. ನಮ್ಮಂಥವಳೊಬ್ಬಳ ಕೈಯಿಂದ ಇದೆಲ್ಲ ಆರಂಭವಾಯಿತೆಂದು ಆಗ ಗೊತ್ತಿದ್ದರೆ ಇನ್ನಷ್ಟು ಜಂಬಪಡುತ್ತಿದ್ದೆ.

ನಿಜವಾಗಿ ನಾನು ಹೇಳಬೇಕೆಂದಿರುವುದು ಸ್ವಿಸ್ ಶಸ್ತ್ರವೈದ್ಯ ಥಿಯೋಡೋರ್ ಕೋಖರ್ ಅವರ ವಿಷಯ. ಸ್ವಿಟ್ಜರ್ಲೆಂಡಿನ ಬೆಟ್ಟಗಾಡು ನಮ್ಮ ಮಲೆನಾಡಿನಂತೆಯೇ ಮಣ್ಣಿನಲ್ಲಿ ಅಯೋಡಿನ್ ಕಡಿಮೆಯಿರುವ ಸೀಮೆ, ಆಗ ಊರೂರಿನಲ್ಲೂ ಗಳಗಂಡ, ಎಂದರೆ ಕೊರಳಿನ ಥೈರಾಯ್ಡ್ ಗ್ರಂಥಿ ಊದುವ ರೋಗ. ನಿನ್ನ ಅಜ್ಜಿಯ ಕೊರಳು ಊದಿಕೊಂಡಂತೆ ಕರಿಮಣಿ ಸರಕ್ಕೆ ಎರಡು ಸಲ ಹೊಸ ದಾರ ಪೋಣಿಸಿ ಉದ್ದ ಮಾಡಿಸಿದ್ದನ್ನು ನಾನು ಕಂಡಿದ್ದೇನೆ. ಸೆರಗನ್ನು ಕೊರಳ ಸುತ್ತ ಸುತ್ತಿಕೊಳ್ಳದೆ ಅವರು ಹೊರಗೆ ಹೋಗುತ್ತಿರಲಿಲ್ಲ.

1872ರಲ್ಲಿ ಬರ್ನ್ ನಗರದಲ್ಲಿ ಪ್ರಾಧ್ಯಾಪಕರಾದ ಕೋಖರ್ ಅವಸರವಿಲ್ಲದ, ರಕ್ತ ಚೆಲ್ಲದ, ಬಹಳ ಅಚ್ಚುಕಟ್ಟಾದ ಕೈಯವರು. ಅನೇಕರು ಮುಟ್ಟಲು ಹೆದರುತ್ತಿದ್ದ ಥೈರಾಯ್ಡ್ ಗ್ರಂಥಿಯನ್ನು ಅವರು ಚೂರೂ ಉಳಿಸದೆ ಪೂರ್ತಿಯಾಗಿ ತೆಗೆಯುತ್ತಿದ್ದರು. 1874ರ ಜನವರಿಯಲ್ಲಿ ಹನ್ನೊಂದು ವರ್ಷದ ಹುಡುಗಿಯೊಬ್ಬಳಿಗೆ ಮಾಡಿದ ಆಪರೇಷನ್ ಚೆನ್ನಾಗಿಯೇ ಆಯಿತು, ಗಾಯವೂ ಮಾಯಿತು, ಅವಳು ಮನೆಗೆ ಹೋದಳು. ಆಮೇಲೆ ಆ ಊರಿನ ವೈದ್ಯರಿಂದ ಹುಡುಗಿಯ ಸ್ವಭಾವವೇ ಬದಲಾಗಿದೆ, ಮಂಕಾಗಿದ್ದಾಳೆ ಎಂಬ ಸುದ್ದಿ ಬಂತು. 1882ರಲ್ಲಿ ಜಿನೀವಾದ ಶಸ್ತ್ರವೈದ್ಯ ರೆವರ್ಡಿನ್ ಕೂಡ ತಮ್ಮ ರೋಗಿಗಳಲ್ಲಿ ಇಂಥದ್ದನ್ನೇ ಕಂಡಿರುವುದಾಗಿ ತಿಳಿಸಿದ ಮೇಲೆ, ಕೋಖರ್ ತಮ್ಮ ಹಳೆಯ ರೋಗಿಗಳಿಗೆಲ್ಲ ಬರೆದು ಮತ್ತೆ ಬರಮಾಡಿಕೊಂಡರು. ಆ ಹುಡುಗಿಯೂ ಬಂದಳು. ಅವಳು ಬೆಳೆದೇ ಇರಲಿಲ್ಲ, ಮುಖ ಊದಿಕೊಂಡಿತ್ತು. ಹಿಂದೆ ಅವಳಿಗಿಂತ ಚಿಕ್ಕವಳಾಗಿದ್ದ ತಂಗಿ ಈಗ ಅವಳನ್ನು ಮೀರಿ ಎತ್ತರಕ್ಕೆ ಬೆಳೆದು ಪಕ್ಕದಲ್ಲಿ ನಿಂತಿದ್ದಳು.

ವಿಯೆನ್ನಾದ ಶಸ್ತ್ರವೈದ್ಯ ಬಿಲ್‌ರೋತ್ ಅವರ ರೋಗಿಗಳಲ್ಲಿ ಈ ತೊಂದರೆ ಅಷ್ಟಾಗಿ ಕಾಣಿಸಿಕೊಂಡಿರಲಿಲ್ಲ. ಅವರದು ಬಿರುಸಿನ ಕೈ, ಗ್ರಂಥಿಯ ಚೂರುಪಾರು ಉಳಿದುಹೋಗುತ್ತಿತ್ತು ಎಂದು ಇಬ್ಬರ ಕೆಲಸವನ್ನೂ ಕಂಡಿದ್ದ ಹಾಲ್‌ಸ್ಟೆಡ್ ಮುಂದೆ ವಿವರಿಸಿದರು. ಎಂದರೆ ಕೋಖರ್ ಅವರ ಅಚ್ಚುಕಟ್ಟುತನವೇ ಆ ಮಗುವಿಗೆ ಮುಳುವಾಗಿತ್ತು. ಪುಟ್ಟಿ, ಈ ಪುಟವನ್ನು ಓದಿದ ದಿನ ನನಗೆ ಊಟ ರುಚಿಸಲಿಲ್ಲ. ಹಳ್ಳಿಯಲ್ಲಿ ಮರೆತುಹೋಗಬಹುದಾಗಿದ್ದ ಆ ಹುಡುಗಿಯನ್ನು ಕೋಖರ್ ಮರೆಮಾಚಲಿಲ್ಲ. 1883ರಲ್ಲಿ ಬರ್ಲಿನ್ನಿನಲ್ಲಿ ನೆರೆದ ಜರ್ಮನಿಯ ಶಸ್ತ್ರವೈದ್ಯರ ಮುಂದೆ ತಮ್ಮ ಸುಮಾರು ನೂರು ಥೈರಾಯ್ಡ್ ಆಪರೇಷನ್ನುಗಳ ಲೆಕ್ಕ ಒಪ್ಪಿಸಿ, ಪೂರ್ತಿ ಗ್ರಂಥಿಯನ್ನು ತೆಗೆದದ್ದರ ಫಲವಿದು ಎಂದು ತಾವೇ ಹೇಳಿದರು. ಗಳಗಂಡಕ್ಕೆ ಇಡೀ ಗ್ರಂಥಿಯನ್ನು ತೆಗೆಯುವುದನ್ನು ಬಿಟ್ಟರು. ಥೈರಾಯ್ಡ್ ಗ್ರಂಥಿ ದೇಹದಲ್ಲಿ ಏನು ಕೆಲಸ ಮಾಡುತ್ತದೆಂಬುದು ಬಹುಮಟ್ಟಿಗೆ ಈ ತಪ್ಪಿನಿಂದಲೇ ತಿಳಿಯಿತು. 1891ರಲ್ಲಿ ಇಂಗ್ಲೆಂಡಿನ ವೈದ್ಯ ಮರ್ರೆ ಕುರಿಯ ಥೈರಾಯ್ಡಿನ ಸಾರ ಕೊಟ್ಟು, ಥೈರಾಯ್ಡ್ ಕೆಲಸ ಮಾಡದ ರೋಗಿಯೊಬ್ಬರನ್ನು ಚೇತರಿಸಿಕೊಳ್ಳುವಂತೆ ಮಾಡಿದರು. ಕೋಖರ್ ಅವರ ಥೈರಾಯ್ಡ್ ಆಪರೇಷನ್ನುಗಳಲ್ಲಿ ಸಾವು ಕೊನೆಗೆ ಶೇಕಡಾ ಒಂದಕ್ಕಿಂತ ಕಡಿಮೆಗೆ ಇಳಿಯಿತು, 1909ರಲ್ಲಿ ನೊಬೆಲ್ ಬಂತು. ಅದು ಸರಿಯೇ, ಆದರೂ ನನ್ನ ಮಟ್ಟಿಗೆ ಅವರು ದೊಡ್ಡವರಾದದ್ದು ಆ ಅಕ್ಕತಂಗಿಯರ ಎದುರು ನಿಂತ ಹೊತ್ತಿನಲ್ಲಿ.

ಅಜ್ಜಿಯ ಕೊರಳಿನ ಆಪರೇಷನ್ ಗಾಯದ ಗುರುತು ಚರ್ಮದ ಮಡಿಕೆಯೊಳಗೇ ಸೇರಿಹೋಗಿ, ಕರಿಮಣಿಯ ಕೆಳಗೆ ಹುಡುಕಿದರೆ ಮಾತ್ರ ಕಾಣುತ್ತದೆ. ಹಾಗೆ ಕೊರಳ ಮಡಿಕೆಯ ಗುಂಟ ಅಡ್ಡವಾಗಿ ಕೊಯ್ಯುವ ರೀತಿಗೆ ಕೋಖರ್ ಅವರ ಹೆಸರೇ ಇದೆಯೆಂದು ನಿನಗೆ ಗೊತ್ತು. ಅಜ್ಜಿಗೆ ಗೊತ್ತಿರುವುದು ಬೆಳಿಗ್ಗೆ ಬರಿಹೊಟ್ಟೆಯಲ್ಲಿ ನುಂಗುವ ಚಿಕ್ಕ ಬಿಳಿ ಥೈರಾಯ್ಡ್ ಮಾತ್ರೆಯೊಂದೇ. ಅಯೋಡಿನ್ ಉಪ್ಪು ಬೇಡ, ಹಿಂದಿನ ಕಲ್ಲುಪ್ಪೇ ರುಚಿ ಎಂದು ಇಂದಿಗೂ ಜಗಳವಾಡುತ್ತಾರೆ.

ಮುಂದಿನ ಸಲ ಆ ಕಟ್ಟು ಬಿಚ್ಚುವಾಗ ಹೌಸ್ ಸರ್ಜನ್ನನ್ನು ಕಳುಹಿಸಬೇಡ, ನೀನೇ ಹೋಗು. ಮೊದಲು ರೋಗಿಯ ಮುಖ ನೋಡು, ಆಮೇಲೆ ಗಾಯ. ಹೊಲಿಗೆ ಬಿಚ್ಚಬೇಕಾಗಿದ್ದರೆ ಏಕೆಂದು ಅವರ ಮನೆಯವರಿಗೆ ಕುಳಿತು ಹೇಳು, ನಿಂತುಕೊಂಡೇ ಹೇಳಿ ಬರಬೇಡ. ಕೀವನ್ನು ಪರೀಕ್ಷೆಗೆ ಕಳುಹಿಸಿದ್ದೀಯೋ ಇಲ್ಲವೋ ಎಂಬುದನ್ನು ನೀನು ಅಂದು ಹೇಳಲೇ ಇಲ್ಲ. ಏನು ಕಂಡೆಯೆಂದು ಬರೆದು ತಿಳಿಸು.

ಹಪ್ಪಳ, ಹಲಸಿನ ಚಿಪ್ಸ್ ಮತ್ತು ಮಿಡಿ ಉಪ್ಪಿನಕಾಯಿಯನ್ನು ಶನಿವಾರದ ಬಸ್ಸಿಗೆ ಕೊಟ್ಟು ಕಳುಹಿಸುತ್ತೇನೆ.

ಇಂತಿ,
ನಿನ್ನ ಅಮ್ಮ