ಕೊಳಗ ಯಾರ ಕೈಯಲ್ಲಿದೆ ಎಂದು ಮೊದಲು ಕೇಳು

ಸಾಗರ

ಚಿರಂಜೀವಿ ಮಗಳಿಗೆ ದೊಡ್ಡಪ್ಪನ ಆಶೀರ್ವಾದಗಳು.

ಇಲ್ಲಿ ಎಲ್ಲರೂ ಕ್ಷೇಮ. ಸಿಂಗಪುರದಲ್ಲಿ ನಿನ್ನ ಓದು ಆರಂಭವಾದ ಸುದ್ದಿ ತಿಳಿದು ಮನೆಯವರಿಗೆಲ್ಲ ಸಂತೋಷವಾಗಿದೆ. ಏಷ್ಯಾದ ಆರ್ಥಿಕ ಅಭಿವೃದ್ಧಿಯಲ್ಲಿ ಕಾನೂನಿನ ಪಾತ್ರವನ್ನು ಕುರಿತು ನೀನು ಬರೆಯಹೊರಟಿರುವ ಪ್ರಬಂಧದ ಟಿಪ್ಪಣಿಯನ್ನು ಎರಡು ಸಲ ಓದಿದೆ. ಆಸ್ತಿಯ ಹಕ್ಕು ಗಟ್ಟಿಯಾಗಿದ್ದು ಕರಾರಿಗೆ ಬೆಲೆಯಿದ್ದರೆ ಬಂಡವಾಳ ತಾನಾಗಿ ಬರುತ್ತದೆಂದು ಒಂದು ಪಂಗಡ, ಚೀನಾವನ್ನು ತೋರಿಸಿ ಕಾನೂನಿಲ್ಲದೆಯೂ ದೇಶ ಬೆಳೆಯುತ್ತದೆಂದು ಇನ್ನೊಂದು ಪಂಗಡ. ಇವರಿಬ್ಬರ ನಡುವೆ ನೀನು ತೀರ್ಪು ಕೊಡಲು ಹೊರಟಂತೆ ಕಾಣುತ್ತದೆ. ಆ ಕೆಲಸಕ್ಕೆ ಕೈಹಾಕಬೇಡವೆಂದು ಹೇಳಲು ಈ ಪತ್ರ. ತಾಲ್ಲೂಕು ಕೋರ್ಟಿನಲ್ಲಿ ಸಿವಿಲ್ ವಕೀಲಿ ಮಾಡಿ ಮುದುಕನಾದವನ ಮಾತಿದು. ಅರ್ಥಶಾಸ್ತ್ರ ನನಗೆ ಅಷ್ಟಕ್ಕಷ್ಟೆ.

ನಮ್ಮೂರಿನ ಪಕ್ಕದ ಕಾಗೋಡಿನಲ್ಲಿ 1951ರಲ್ಲಿ ಗೇಣಿದಾರರು ಸತ್ಯಾಗ್ರಹಕ್ಕಿಳಿದದ್ದು, ಸಮಾಜವಾದಿ ನಾಯಕ ಲೋಹಿಯಾ ಅವರು ಬಂದು ಬಂಧನಕ್ಕೊಳಗಾದದ್ದು ನಿನಗೆ ಗೊತ್ತು. ಜಗಳದ ಮೂಲದಲ್ಲಿದ್ದದ್ದು ಒಂದು ಕೊಳಗ. ಗೇಣಿಯ ಭತ್ತವನ್ನು ಧಣಿಗಳು ನಿಗದಿತ ಅಳತೆಗಿಂತ ದೊಡ್ಡ ಕೊಳಗದಲ್ಲಿ ಅಳೆದುಕೊಳ್ಳುತ್ತಾರೆಂಬುದು ಒಕ್ಕಲುಗಳ ದೂರಾಗಿತ್ತು. ಅಳತೆಗೆ ಸರ್ಕಾರದ ನಿಯಮ ಇರಲಿಲ್ಲವೆಂದಲ್ಲ, ಇತ್ತು. ಆದರೆ ಕಣದಲ್ಲಿ ಕೊಳಗ ಹಿಡಿದಿದ್ದ ಕೈ ಧಣಿಯ ಕಡೆಯದಾಗಿತ್ತು. ಏಷ್ಯಾದ ಯಾವ ದೇಶದ ಯಾವ ಕಾಯಿದೆಯನ್ನು ಓದುವಾಗಲೂ ಆ ಕೈಯನ್ನು ಹುಡುಕು.

ಜಪಾನಿನಿಂದ ಆರಂಭಿಸು. 1946ರ ಅಕ್ಟೋಬರಿನ ಭೂಸುಧಾರಣಾ ಕಾಯಿದೆಯ ಪ್ರಕಾರ ಊರಿನಲ್ಲಿ ವಾಸವಿಲ್ಲದ ಒಡೆಯರ ಗೇಣಿಜಮೀನನ್ನೆಲ್ಲ ಸರ್ಕಾರ ಕೊಂಡುಕೊಂಡಿತು. ಊರಿನಲ್ಲೇ ಇದ್ದವರಿಗೆ ಸರಾಸರಿ ಒಂದು ಹೆಕ್ಟೇರಿನಷ್ಟು ಗೇಣಿಭೂಮಿಯನ್ನು ಮಾತ್ರ ಬಿಟ್ಟಿತು. ಎಲ್ಲ ಪುಸ್ತಕಗಳೂ ಇಷ್ಟನ್ನು ಹೇಳುತ್ತವೆ. ನೀನು ನೋಡಬೇಕಾದದ್ದು ಹಳ್ಳಿಯ ಭೂ ಸಮಿತಿಯನ್ನು. ಅದರಲ್ಲಿ ಹತ್ತು ಜನ. ಐವರು ಗೇಣಿದಾರರು, ಮೂವರು ಭೂಮಾಲೀಕರು, ಇಬ್ಬರು ಸ್ವಂತ ಜಮೀನಿನ ರೈತರು. ಯಾವ ಗದ್ದೆ ಯಾರದೆಂದು ತೀರ್ಮಾನಿಸುವ ಪಟ್ಟಿ ಅವರ ಕೈಯಲ್ಲಿ ಸಿದ್ಧವಾಯಿತು. ಸಾಗುವಳಿ ಭೂಮಿಯಲ್ಲಿ ಸುಮಾರು ಶೇ. 46ರಷ್ಟಿದ್ದ ಗೇಣಿಭೂಮಿ ಐದೇ ವರ್ಷಗಳೊಳಗೆ ಶೇ. 10ರ ಆಸುಪಾಸಿಗೆ ಇಳಿಯಿತು. ಯುದ್ಧದಲ್ಲಿ ಸೋತ ಜಪಾನಿನಲ್ಲಿ ಬೀಡುಬಿಟ್ಟಿದ್ದ ಅಮೆರಿಕದ ಸೈನ್ಯ ಬೆನ್ನಿಗಿತ್ತೆಂಬುದನ್ನು ಮರೆಯಬೇಡ. ಆದರೆ ಯಾವ ಗದ್ದೆಯನ್ನು ಯಾರು ಎಷ್ಟು ವರ್ಷದಿಂದ ಉತ್ತಿದ್ದಾರೆಂಬುದು ಸೈನ್ಯಕ್ಕೆ ಹೇಗೆ ಗೊತ್ತಾಗಬೇಕು? ಅದು ಗೊತ್ತಿದ್ದದ್ದು ಆ ಹತ್ತು ಜನರಿಗೆ.

ತೈವಾನಿನ ಕತೆ ನನಗೆ ಇನ್ನೂ ಸ್ವಾರಸ್ಯವೆನಿಸುತ್ತದೆ. ಅಲ್ಲಿ 1949ರಲ್ಲಿ ಗೇಣಿಯನ್ನು ಮುಖ್ಯ ಬೆಳೆಯ ಶೇ. 37.5ಕ್ಕೆ ಮಿತಿಗೊಳಿಸಿ, 1953ರಲ್ಲಿ ಉಳುವವನಿಗೆ ಭೂಮಿ ಕೊಡುವ ಕಾಯಿದೆ ತಂದರು. ಪರಿಹಾರದ ಶೇ. 70ರಷ್ಟನ್ನು ಭತ್ತ ಮತ್ತು ಗೆಣಸಿನ ಲೆಕ್ಕದ ಬಾಂಡುಗಳಲ್ಲಿ ಕೊಟ್ಟದ್ದರಿಂದ ಹಣದುಬ್ಬರ ಅದನ್ನು ತಿನ್ನಲಿಲ್ಲ, ಉಳಿದ ಶೇ. 30ನ್ನು ಸಿಮೆಂಟ್, ಕಾಗದ ಮುಂತಾದ ನಾಲ್ಕು ಸರ್ಕಾರಿ ಉದ್ಯಮಗಳ ಷೇರುಗಳಲ್ಲಿ ಕೊಟ್ಟರು. ಸಣ್ಣ ಒಡೆಯರು ಷೇರೆಂದರೇನೆಂದು ತಿಳಿಯುವ ಮೊದಲೇ ಸಿಕ್ಕ ಬೆಲೆಗೆ ಮಾರಿಕೊಂಡರು, ದೊಡ್ಡ ಮನೆತನಗಳು ಕೊಂಡು ಕೈಗಾರಿಕೋದ್ಯಮಿಗಳಾದವು. ಭೂಮಿ ಕಳೆದುಕೊಂಡವರಲ್ಲಿ ಒಂದು ಪಾಲು ಹೀಗೆ ಕಾರ್ಖಾನೆಗಳ ಕಡೆ ತಿರುಗಿತು. ಇದೆಲ್ಲ ಮಿಲಿಟರಿ ಕಾನೂನಿನ ಅಡಿಯಲ್ಲಿ ನಡೆಯಿತು; 1987ರವರೆಗೆ ಅದು ತೆರವಾಗಲಿಲ್ಲ. ಆಳುವವರು ಚೀನಾದ ಮುಖ್ಯಭೂಮಿಯಿಂದ ಬಂದವರು, ಜಮೀನು ಹೋದದ್ದು ದ್ವೀಪದವರದು. ಬೇರೆಯವರ ಜಮೀನನ್ನು ಹಂಚುವಾಗ ಕೈ ಧಾರಾಳವಾಗುವುದು ಸಹಜ.

ನಮ್ಮಲ್ಲಿ ಹಂಚಬೇಕಾದವರೇ ಒಡೆಯರೂ ಆಗಿದ್ದರು. ಆದರೂ 1974ರ ಮಾರ್ಚ್ 1ರಿಂದ ಭೂಸುಧಾರಣಾ ಕಾಯಿದೆಗೆ ಮುಖ್ಯಮಂತ್ರಿ ದೇವರಾಜ ಅರಸರು ತಂದ ತಿದ್ದುಪಡಿ ಜಾರಿಗೆ ಬಂದಾಗ, ಜಪಾನಿನ ಸಮಿತಿಯನ್ನು ನೆನಪಿಸುವ ಒಂದು ಸಂಗತಿ ಕರ್ನಾಟಕದಲ್ಲಿ ನಡೆಯಿತು. ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷತೆಯಲ್ಲಿ, ಸರ್ಕಾರ ನಾಮಕರಣ ಮಾಡಿದ ಸದಸ್ಯರುಳ್ಳ ಭೂ ನ್ಯಾಯಮಂಡಳಿಗಳು ಬಂದವು. ಮೊದಮೊದಲು ವಕೀಲರಿಗೆ ಅಲ್ಲಿ ಪ್ರವೇಶವಿರಲಿಲ್ಲ. ಆಗ ಹೊಸದಾಗಿ ಕರಿಕೋಟು ಹಾಕಿದ್ದ ನನಗೆ ಅದು ಅವಮಾನವೆನಿಸಿತ್ತು. ತಾಲ್ಲೂಕು ಕಚೇರಿಯ ಹೊರಗೆ ಮರದಡಿ ಕುಳಿತು ಒಕ್ಕಲುಗಳಿಗೆ ಭೂಮಿಯ ಹಕ್ಕು ಕೋರುವ ಅರ್ಜಿಯಾದ ನಮೂನೆ 7ನ್ನು ತುಂಬಿಕೊಡುತ್ತಿದ್ದೆ. ಗೇಣಿಚೀಟಿಯೇ ಇಲ್ಲದ ಒಬ್ಬ ಮುದುಕನಿಗೆ, ನಿನ್ನ ಕೇಸು ನಿಲ್ಲುವುದಿಲ್ಲವೆಂದು ನನ್ನ ಪುಸ್ತಕಜ್ಞಾನದ ಬಲದಿಂದ ಹೇಳಿಯೂ ಇದ್ದೆ. ಅಕ್ಕಪಕ್ಕದ ಗದ್ದೆಯವರ ಹೇಳಿಕೆಯ ಮೇಲೆ ಮಂಡಳಿ ಅವನಿಗೇ ಅಧಿಭೋಗದ ಹಕ್ಕು, ಅಂದರೆ ಉಳುವ ಭೂಮಿಯ ಒಡೆತನ, ಕೊಟ್ಟಿತು. ನಾನು ಒಳಗೆ ಹೋಗಿ ವಾದಿಸಿದ್ದರೆ, ಎದುರಾಳಿಯೂ ನನಗಿಂತ ಹಿರಿಯ ವಕೀಲನನ್ನು ಇಡುತ್ತಿದ್ದ, ಮುದುಕ ಸೋಲುತ್ತಿದ್ದ. ನಿನ್ನ ಅಜ್ಜನೂ ಅದೇ ಕಾಯಿದೆಯಲ್ಲಿ ನಾಲ್ಕು ಎಕರೆ ಕಳೆದುಕೊಂಡರೆಂಬುದನ್ನು ಮುಚ್ಚಿಡುವುದಿಲ್ಲ. ಬಂದ ಪರಿಹಾರ ಒಂದು ಮದುವೆಯ ಖರ್ಚಿನಲ್ಲಿ ಕರಗಿತು. ಸಿಮೆಂಟ್ ಕಂಪನಿಯ ಷೇರನ್ನು ನಮಗೆ ಯಾರೂ ಕೊಡಲಿಲ್ಲ.

ಈಗ ನೀನಿರುವ ಊರಿನ ವಿಷಯ. ಇಲ್ಲಿ ಸ್ವಲ್ಪ ನಿಧಾನವಾಗಿ ಓದು, ಏಕೆಂದರೆ ಅದಕ್ಕೆ ನಮ್ಮ ದೇಶದ ಒಂದು ಪ್ರಕರಣದಿಂದಲೇ ಹೊರಡಬೇಕು. 1953ರ ಡಿಸೆಂಬರ್ 11ರಂದು ನಮ್ಮ ಸುಪ್ರೀಂ ಕೋರ್ಟ್ ಬೇಲಾ ಬ್ಯಾನರ್ಜಿ ಪ್ರಕರಣದಲ್ಲಿ ಪಶ್ಚಿಮ ಬಂಗಾಳದ ಒಂದು ಕಾಯಿದೆಯ ಅಂಶವನ್ನು ರದ್ದುಮಾಡಿತು. ನಿರಾಶ್ರಿತರ ವಸತಿಗೆಂದು ಭೂಮಿ ಪಡೆಯುವಾಗ, ಯಾವಾಗ ಪಡೆದರೂ 1946ರ ಡಿಸೆಂಬರ್ 31ರ ಬೆಲೆಗಿಂತ ಹೆಚ್ಚು ಕೊಡಬೇಕಾಗಿಲ್ಲವೆಂದು ಆ ಕಾಯಿದೆ ಹೇಳುತ್ತಿತ್ತು. ಪರಿಹಾರವೆಂದರೆ ಕಳೆದುಕೊಂಡದ್ದಕ್ಕೆ ಸರಿಸಮವಾಗಿರಬೇಕೆಂದು ನ್ಯಾಯಾಲಯ ತೀರ್ಮಾನಿಸಿತು. ಅದೇ ತಿಂಗಳ 23ರಂದು ಜಪಾನಿನ ಸುಪ್ರೀಂ ಕೋರ್ಟ್, ಹಣದುಬ್ಬರದಲ್ಲಿ ಬಹುಪಾಲು ಕರಗಿಹೋಗಿದ್ದ ಅಲ್ಲಿನ ಭೂಸುಧಾರಣೆಯ ಪರಿಹಾರವನ್ನು ನ್ಯಾಯವಾದದ್ದೇ ಎಂದು ಎತ್ತಿಹಿಡಿಯಿತು. ಹನ್ನೆರಡು ದಿನಗಳ ಅಂತರದಲ್ಲಿ ಏಷ್ಯಾದ ಎರಡು ಉಚ್ಚ ಪೀಠಗಳು ಒಂದೇ ಬಗೆಯ ಪ್ರಶ್ನೆಗೆ ಎರಡು ದಿಕ್ಕಿನ ಉತ್ತರ ಕೊಟ್ಟವು. ಎರಡು ವರ್ಷಗಳೊಳಗೆ ನಮ್ಮ ಸಂಸತ್ತು ಸಂವಿಧಾನಕ್ಕೆ ನಾಲ್ಕನೇ ತಿದ್ದುಪಡಿ ತಂದು, ಪರಿಹಾರ ಸಾಲದೆಂಬ ಪ್ರಶ್ನೆಯನ್ನು ಕೋರ್ಟಿನ ಕೈಯಿಂದ ತೆಗೆಯಿತು. ಆ ಹಗ್ಗಜಗ್ಗಾಟ ದಶಕಗಳ ಕಾಲ ಎಳೆಯಿತು.

ಸಿಂಗಪುರ 1965ರಲ್ಲಿ ಬೇರೆಯಾದಾಗ, ಮಲೇಷ್ಯಾದ ಸಂವಿಧಾನದಲ್ಲಿದ್ದ ಆಸ್ತಿಹಕ್ಕಿನ ವಿಧಿಯನ್ನು ತನ್ನ ಸಂವಿಧಾನಕ್ಕೆ ಸೇರಿಸಿಕೊಳ್ಳಲೇ ಇಲ್ಲ. 1966ರಲ್ಲಿ ಭೂಸ್ವಾಧೀನ ಕಾಯಿದೆ ಬಂತು. 1973ರಲ್ಲಿ ಅದಕ್ಕೆ ತಿದ್ದುಪಡಿ ತಂದು, ಆ ವರ್ಷದ ನವೆಂಬರ್ 30ರ ಬೆಲೆ ಅಥವಾ ಸ್ವಾಧೀನದ ದಿನದ ಬೆಲೆ, ಎರಡರಲ್ಲಿ ಕಡಿಮೆಯದನ್ನು ಕೊಟ್ಟರೆ ಸಾಕೆಂದರು. ಅಂದರೆ ಇಲ್ಲಿ ರದ್ದಾದ ಯುಕ್ತಿಯೇ ಅಲ್ಲಿ ಅಡಿಪಾಯವಾಯಿತು. ಆ ಭೂಮಿಯ ಮೇಲೆ ಎದ್ದ ಸರ್ಕಾರಿ ವಸತಿಗಳಲ್ಲಿ ಇಂದು ಅಲ್ಲಿನ ಐವರಲ್ಲಿ ಸುಮಾರು ನಾಲ್ವರು ವಾಸವಿದ್ದಾರೆ. ಮಾರುಕಟ್ಟೆಯ ಬೆಲೆ ಕೊಡುವ ಪದ್ಧತಿ ಬಂದದ್ದು 2007ರಲ್ಲಿ, ದೇಶ ಶ್ರೀಮಂತವಾದ ಮೇಲೆ. ವಿದೇಶಿ ಬ್ಯಾಂಕಿನ ಕರಾರನ್ನು ಅಕ್ಷರಶಃ ಪಾಲಿಸುವ ಅದೇ ರಾಜ್ಯ ಹಂದಿ ಸಾಕುತ್ತಿದ್ದ ರೈತನ ಜಮೀನಿಗೆ ಹಳೆಯ ಬೆಲೆ ಕಟ್ಟಿತು. ಆಸ್ತಿಹಕ್ಕು ಗಟ್ಟಿಯಾಗಿದ್ದರೆ ಅಭಿವೃದ್ಧಿ ಎಂಬ ಮಾತನ್ನು ಅಲ್ಲಿ ಕೇಳಿದಾಗ, ಯಾರ ಆಸ್ತಿ ಎಂದು ವಿನಯದಿಂದಲೇ ಕೇಳು. ಹಾಗೆಂದು ಅಲ್ಲಿನ ವ್ಯವಸ್ಥೆಯನ್ನು ಹಗುರವಾಗಿಯೂ ಕಾಣಬೇಡ. ಕಿತ್ತುಕೊಂಡ ಭೂಮಿ ಮಂತ್ರಿಯ ಭಾವಮೈದುನನಿಗೆ ಹೋಗದೆ ವಸತಿಯಾಯಿತೆಂಬುದು ಸಣ್ಣ ಸಂಗತಿಯಲ್ಲ.

ಚೀನಾದ ಬಗ್ಗೆ ನಿನ್ನ ಟಿಪ್ಪಣಿ ದುಡುಕಿದೆ. ಆನ್ಹುಯಿ ಪ್ರಾಂತ್ಯದ ಶಿಯಾವ್‌ಗಾಂಗ್ ಹಳ್ಳಿಯ 18 ಮನೆಯವರು 1978ರ ಚಳಿಗಾಲದಲ್ಲಿ ಸಾಮೂಹಿಕ ಭೂಮಿಯನ್ನು ಗುಟ್ಟಾಗಿ ಹಂಚಿಕೊಂಡದ್ದು ಕಾನೂನುಬಾಹಿರವೇ. ಆದರೆ ಅವರು ಬಾಯಿಮಾತಿಗೆ ನಿಲ್ಲದೆ ಕಾಗದ ಬರೆದು ಹೆಬ್ಬೆಟ್ಟು ಒತ್ತಿದರು. ಕರಾರೆಂಬುದು ಸರ್ಕಾರಕ್ಕಿಂತ ಮೊದಲು ಆ ಗುಡಿಸಲಿನಲ್ಲಿ ಹುಟ್ಟಿತು. ಗ್ರಾಮೀಣ ಭೂ ಗುತ್ತಿಗೆಯ ಕಾನೂನು ಬಂದದ್ದು 2002ರಲ್ಲಿ, ಆಸ್ತಿ ಕಾನೂನು 2007ರಲ್ಲಿ. ಇದನ್ನು ಕಾನೂನಿಲ್ಲದ ಬೆಳವಣಿಗೆ ಎನ್ನಬೇಡ, ತಡವಾಗಿ ಬರೆದುಕೊಂಡ ಕಾನೂನು ಎನ್ನು.

ಇಂಡೋನೇಷ್ಯಾ ಇದಕ್ಕೆ ತದ್ವಿರುದ್ಧ. 1997ರ ಹಣಕಾಸಿನ ಕುಸಿತದ ನಂತರ ಅಂತರರಾಷ್ಟ್ರೀಯ ಹಣಕಾಸು ನಿಧಿಯ (ಐಎಂಎಫ್) ಒತ್ತಾಯಕ್ಕೆ, ಡಚ್ಚರ ಕಾಲದ ದಿವಾಳಿ ಕಾನೂನನ್ನು ತಿದ್ದಿ, 1998ರಲ್ಲಿ ಜಕಾರ್ತದಲ್ಲಿ ವಾಣಿಜ್ಯ ನ್ಯಾಯಾಲಯ ತೆರೆದರು. ಕಾಗದದ ಮೇಲೆ ಕಾನೂನು ಚೆನ್ನಾಗಿತ್ತು. 2002ರಲ್ಲಿ ಅದೇ ನ್ಯಾಯಾಲಯ, ಸಾಲ ತೀರಿಸುವ ಶಕ್ತಿಯಿದ್ದ ಕೆನಡಾ ಮೂಲದ ವಿಮಾ ಕಂಪನಿಯನ್ನು ದಿವಾಳಿಯೆಂದು ಘೋಷಿಸಿತು. ಮರುತಿಂಗಳು ಸುಪ್ರೀಂ ಕೋರ್ಟ್ ಅದನ್ನು ಅಳಿಸಬೇಕಾಯಿತು. ಹೊಸ ಕೊಳಗ ತಂದಿದ್ದರು, ಹಿಡಿಯುವ ಕೈಯನ್ನು ತಯಾರು ಮಾಡಿರಲಿಲ್ಲ.

ಪ್ರಬಂಧವನ್ನು ಒಂದೇ ಕಾಯಿದೆಗೆ ಸೀಮಿತಗೊಳಿಸು. ಅದರ ಪೀಠಿಕೆಯನ್ನು ಬಿಟ್ಟು ಅದರ ಅರ್ಜಿ ನಮೂನೆಯನ್ನು ಓದು, ಸಮಿತಿಯಲ್ಲಿ ಯಾರಿದ್ದರೆಂದು ನೋಡು, ದಾಖಲೆ ಬರೆದವನು ಯಾರಿಗೆ ಹೆದರುತ್ತಿದ್ದನೆಂದು ವಿಚಾರಿಸು. ಪಹಣಿಯ 9ನೇ ಕಾಲಂನಲ್ಲಿ ಒಡೆಯನ ಹೆಸರು, 12ರಲ್ಲಿ ಸಾಗುವಳಿದಾರನ ಹೆಸರು. ಆ 12ನೇ ಕಾಲಂನಲ್ಲಿ ಯಾರ ಹೆಸರು ಬರೆಯಲಿಲ್ಲವೆಂಬುದು ನಮ್ಮ ಜಿಲ್ಲೆಯ ಅರ್ಧ ಚರಿತ್ರೆ.

ರಜೆಯಲ್ಲಿ ತೈಪೆಗೆ ಹೋಗುವೆನೆಂದು ಬರೆದಿದ್ದೀಯೆ. ಹೋದರೆ ಆ ಬಾಂಡಿನ ಭತ್ತವನ್ನು ಯಾವ ಅಳತೆಯಲ್ಲಿ ಅಳೆದರು, ಅಳೆಯುವಾಗ ರೈತ ಎದುರಿಗಿದ್ದನೇ ಎಂದು ತಿಳಿದು ಬರೆ. ನಮ್ಮ ಅಟ್ಟದ ಮೇಲಿದ್ದ ಅಜ್ಜನ ಕಾಲದ ಕೊಳಗವನ್ನು ನಿನ್ನ ತಮ್ಮ ಕಳೆದ ವಾರ ಇಳಿಸಿ ತೊಳೆದಿಟ್ಟಿದ್ದಾನೆ. ಅದು ಎಷ್ಟು ಸೇರು ಹಿಡಿಯುತ್ತದೆಂದು ನಾನಿನ್ನೂ ಅಳೆದು ನೋಡಿಲ್ಲ.

ಇಂತಿ,
ನಿನ್ನ ದೊಡ್ಡಪ್ಪ