ಗಣತಿಯವರು ಬರುವಷ್ಟರಲ್ಲಿ ಬುಟ್ಟಿ ಖಾಲಿ

ಸಂಪಾದಕರಿಗೆ,

ಮಾನ್ಯರೇ,

ಪಾದಚಾರಿ ಮಾರ್ಗಗಳನ್ನು ಸೊಪ್ಪು, ಹೂವು ಮಾರುವವರಿಂದ ಬಿಡಿಸಿಕೊಡಬೇಕೆಂದು ಓದುಗರೊಬ್ಬರು ಬರೆದಿದ್ದ ಪತ್ರವನ್ನು ತಮ್ಮ ಪತ್ರಿಕೆಯಲ್ಲಿ ಓದಿದೆ. ಮಂಡಿನೋವಿನ ಅರವತ್ತೇಳರ ಮನುಷ್ಯನಾದ ನನಗೂ ಫುಟ್‌ಪಾತಿನಿಂದ ರಸ್ತೆಗೆ ಇಳಿದು ಮತ್ತೆ ಹತ್ತುವ ಕಷ್ಟ ಗೊತ್ತಿರುವುದರಿಂದ ಅವರ ದೂರನ್ನು ತಳ್ಳಿಹಾಕಲಾರೆ. ಆದರೆ ಆ ಪತ್ರದಲ್ಲಿ 'ಅನಧಿಕೃತ ವ್ಯಾಪಾರಿಗಳು' ಎಂಬ ಮಾತು ನಾಲ್ಕು ಸಲ ಬಂದಿತ್ತು. ಅವರು ಅನಧಿಕೃತರಾಗಿಯೇ ಉಳಿದದ್ದು ಹೇಗೆಂಬ ಪ್ರಶ್ನೆ ಒಂದು ಸಲವೂ ಬರಲಿಲ್ಲ.

ಕೋಲಾರದಲ್ಲಿ ಬೆಳಗಿನ ಐದಕ್ಕೆ ಎದ್ದು ಬಸ್ ನಿಲ್ದಾಣದ ಕಡೆ ನಡೆಯುವವರಿಗೆ ನಾನು ಹೇಳುವ ನೋಟ ಹೊಸದಲ್ಲ. ವೇಮಗಲ್, ಹೋಳೂರು, ಸುಗಟೂರು ಕಡೆಯ ಹಳ್ಳಿಗಳಿಂದ ಮೊದಲ ಬಸ್ಸಿಗೋ ತರಕಾರಿ ಟೆಂಪೋಗೋ ಬಂದಿಳಿಯುವ ಹೆಂಗಸರು, ಇನ್ನೂ ಬಾಗಿಲು ತೆರೆಯದ ಅಂಗಡಿಗಳ ಮುಂದೆ ಗೋಣಿಚೀಲ ಹಾಸಿ, ದಂಟು, ಮೆಂತ್ಯ, ಕೊತ್ತಂಬರಿಗಳ ಜೊತೆಗೆ ಹೊಲದ ಬದುವಿನಲ್ಲಿ ಹಿಂದಿನ ಸಂಜೆ ತಾವೇ ಆಯ್ದು ತಂದ ಬೆರಕೆ ಸೊಪ್ಪನ್ನು ಹರಡಿಕೊಂಡು ಕೂರುತ್ತಾರೆ. ಚೌಕಾಸಿ ಕನ್ನಡದಲ್ಲಿ ಶುರುವಾಗಿ ತೆಲುಗಿನಲ್ಲಿ ಮುಗಿಯುತ್ತದೆ. ಅವರೆಯ ಕಾಲ ಬಂದರೆ ಸೊಪ್ಪಿನ ಪಕ್ಕದಲ್ಲಿ ಹಿತಕಿದ ಬೇಳೆಯ ಪಾತ್ರೆಯೂ ಇರುತ್ತದೆ. ಕಾಳು ಸುಲಿದು, ನೆನೆಹಾಕಿ, ಒಂದೊಂದನ್ನೇ ಬೆರಳಿನಲ್ಲಿ ಹಿತುಕಿ ಸಿಪ್ಪೆ ತೆಗೆಯಲು ಮನೆಯ ಮೂವರು ಹೆಂಗಸರ ಅರ್ಧ ರಾತ್ರಿ ಬೇಕು. ಅದನ್ನು ಕೊಳ್ಳುವಾಗ ನಾವು ಬೇಳೆಯ ಬೆಲೆಯನ್ನಷ್ಟೇ ಕೇಳುತ್ತೇವೆ. ಒಂಬತ್ತರೊಳಗೆ ಬುಟ್ಟಿ ಖಾಲಿಯಾಗಲೇಬೇಕು, ಏಕೆಂದರೆ ಮನೆಯಲ್ಲಿ ಹಸು, ಹೊಲದಲ್ಲಿ ಕಳೆ ಕಾದಿರುತ್ತವೆ. ಅದೇ ಹೊತ್ತಿನಲ್ಲಿ ನರಸಾಪುರದ ಕಾರ್ಖಾನೆಗಳಿಗೆ ಹೋಗುವ ಬಸ್ಸುಗಳು ಇವರ ಮುಂದೆಯೇ ಹಾದುಹೋಗುತ್ತವೆ. ಒಳಗಿರುವ ಹುಡುಗಿಯರ ಕೊರಳಲ್ಲಿ ಗುರುತಿನ ಚೀಟಿ ಇದೆ, ಅವರ ಹೆಸರು ಹಾಜರಿ ಪುಸ್ತಕದಲ್ಲಿದೆ. ನಾನು ಮಾತನಾಡಿಸಿದ ಸೊಪ್ಪಿನವರಲ್ಲಿ ಇಬ್ಬರ ಮಕ್ಕಳು ಆ ಬಸ್ಸಿನಲ್ಲಿಯೇ ಹೋಗುವವರು. ಇವರ ಹೆಸರು ಮಾತ್ರ ಯಾವ ಪುಸ್ತಕದಲ್ಲೂ ಇಲ್ಲ.

ಕಾನೂನಿಲ್ಲವೆಂದಲ್ಲ. ರಸ್ತೆ ಬದಿಯ ವ್ಯಾಪಾರಕ್ಕೂ, ವೃತ್ತಿ, ವ್ಯಾಪಾರಗಳ ಸ್ವಾತಂತ್ರ್ಯ ಕೊಡುವ ಸಂವಿಧಾನದ 19(1)(ಜಿ) ವಿಧಿಯ ರಕ್ಷಣೆಯುಂಟೆಂದು 1989ರಲ್ಲೇ ಸೋದನ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು. ಅದಾಗಿ ಇಪ್ಪತ್ತೈದು ವರ್ಷಕ್ಕೆ ಸಂಸತ್ತು ಬೀದಿ ವ್ಯಾಪಾರಿಗಳ ಅಧಿನಿಯಮವನ್ನು ಅಂಗೀಕರಿಸಿ, 2014ರ ಮೇ 1ರಿಂದ ಅದು ಜಾರಿಗೆ ಬಂತು. ಅದರ 3ನೇ ಸೆಕ್ಷನ್ ಪ್ರಕಾರ ಐದು ವರ್ಷಕ್ಕೊಮ್ಮೆಯಾದರೂ ಎಲ್ಲ ಬೀದಿ ವ್ಯಾಪಾರಿಗಳ ಸಮೀಕ್ಷೆ ನಡೆಯಬೇಕು. ಸಮೀಕ್ಷೆ ಮುಗಿದು ಎಲ್ಲರಿಗೂ ಮಾರಾಟದ ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ. ಊರಿನ ಜನಸಂಖ್ಯೆಯ ಶೇಕಡಾ 2.5ರ ಮಿತಿಯೊಳಗೆ ಅವರಿಗೆ ಜಾಗ ಒದಗಿಸಬೇಕು. 2011ರ ಜನಗಣತಿಯಂತೆ ಕೋಲಾರ ನಗರದಲ್ಲಿ ಸುಮಾರು 1.38 ಲಕ್ಷ ಜನರಿದ್ದರು. ಆ ಹಳೆಯ ಲೆಕ್ಕದಲ್ಲೇ ಮೂರು ಸಾವಿರದ ನಾನ್ನೂರಕ್ಕೂ ಹೆಚ್ಚು ಮಂದಿಗೆ ಅವಕಾಶವಾಗುತ್ತದೆ.

ಹೀಗಿರುವಾಗ ಎಲ್ಲವೂ ಆ ಸಮೀಕ್ಷೆಯ ಮೇಲೆ ನಿಂತಿದೆ, ಮತ್ತು ಹೆಂಗಸರು ಕಳೆದುಹೋಗುವುದು ಅಲ್ಲಿಯೇ. ಸಮೀಕ್ಷೆ ಸರ್ಕಾರಿ ಕೆಲಸ. ಸರ್ಕಾರಿ ಕೆಲಸ ಹತ್ತು ಗಂಟೆಯ ಮೇಲೆ ಶುರುವಾಗುತ್ತದೆ. ಆ ಹೊತ್ತಿಗೆ ಬೀದಿಯಲ್ಲಿ ಕಾಣುವುದು ತಳ್ಳುಗಾಡಿ, ಅದರ ಹಿಂದೆ ನಿಂತಿರುವುದು ಹೆಚ್ಚಾಗಿ ಗಂಡಸು. ಗೋಣಿಚೀಲ ಮಡಚಿ ಹೋದವಳು ಕುಳಿತಿದ್ದ ಜಾಗದಲ್ಲಿ ಒಂದಿಷ್ಟು ಬಾಡಿದ ಎಲೆ ಬಿಟ್ಟರೆ ಬೇರೆ ಪುರಾವೆ ಇರುವುದಿಲ್ಲ. ಗಂಡ ಹೆಂಡತಿ ಇಬ್ಬರೂ ದುಡಿಯುವ ಗಾಡಿಯಾದರೂ ಪ್ರಮಾಣಪತ್ರದ ಚೀಟಿ ಗಂಡನ ಹೆಸರಿಗೆ ಬರೆಯುವುದೇ ರೂಢಿ. ಚೀಟಿಯಿದ್ದವನು ತೀರಿಕೊಂಡರೆ ಅಥವಾ ಶಾಶ್ವತವಾಗಿ ಅಶಕ್ತನಾದರೆ ಹೆಂಡತಿ ಆ ಜಾಗದಲ್ಲಿ ವ್ಯಾಪಾರ ಮಾಡಬಹುದೆಂದು ಕಾನೂನು ಹೇಳುತ್ತದೆ. ಗಂಡ ಬಿಟ್ಟುಹೋದರೆ ಏನು ಗತಿ ಎಂಬುದನ್ನು ಹೇಳುವುದಿಲ್ಲ. ಬಿಟ್ಟುಹೋಗುವವರ ಸಂಖ್ಯೆ ನಮ್ಮ ಕಡೆ ಕಡಿಮೆಯೇನಿಲ್ಲ.

ಇನ್ನೊಂದು ತೊಡಕು ಇದಕ್ಕಿಂತ ಸೂಕ್ಷ್ಮವಾದದ್ದು. ಪ್ರಮಾಣಪತ್ರ ಪಡೆಯುವವರಿಗೆ 'ಬೇರೆ ಜೀವನೋಪಾಯ ಇರಬಾರದು' ಎಂದು 5ನೇ ಸೆಕ್ಷನ್ ಷರತ್ತು ಹಾಕುತ್ತದೆ. ನಗರದಲ್ಲೇ ಅಂಗಡಿ ಮಳಿಗೆಗಳಿದ್ದು ಬೀದಿಯಲ್ಲೂ ಗಾಡಿ ನಿಲ್ಲಿಸುವವರನ್ನು ತಡೆಯಲು ಅದು ಸರಿಯಾದ ಷರತ್ತೇ. ಆದರೆ ಅರ್ಧ ಎಕರೆ ಖುಷ್ಕಿ, ಒಂದು ಸೀಮೆಹಸು ಇರುವ ಹೆಂಗಸಿಗೆ ಅದನ್ನು ಅನ್ವಯಿಸಿದರೆ ಏನಾಗುತ್ತದೆ? ಮಳೆ ನಂಬಿದ ಭೂಮಿ, ಸಾವಿರ ಅಡಿ ಕೊರೆದರೂ ನೀರು ಬರುವ ಭರವಸೆಯಿಲ್ಲದ ಕೊಳವೆಬಾವಿ ಇರುವ ಈ ಜಿಲ್ಲೆಯಲ್ಲಿ ಹೊಲ, ಹಸು, ಬುಟ್ಟಿ ಮೂರೂ ಸೇರಿದರೆ ಒಂದು ಜೀವನೋಪಾಯ. ಅವುಗಳಲ್ಲಿ ಒಂದನ್ನು ತೋರಿಸಿ ಇನ್ನೊಂದನ್ನು ಕಿತ್ತುಕೊಳ್ಳುವುದು ಕಾನೂನಿನ ಉದ್ದೇಶವಾಗಿರಲಾರದು.

ಪ್ರಮಾಣಪತ್ರವಿಲ್ಲದಿದ್ದರೆ ಆಗುವ ನಷ್ಟ ಜಾಗದ್ದಷ್ಟೇ ಅಲ್ಲ. ಸೊಪ್ಪನ್ನೂ ಹೂವನ್ನೂ ಸಗಟಿನಲ್ಲಿ ಕೊಂಡು ಮಾರುವ ಹಲವರು ಬಂಡವಾಳಕ್ಕೆ ಕೈಯೊಡ್ಡುವುದು ಬೆಳಗ್ಗೆ ಒಂಬೈನೂರು ಕೊಟ್ಟು ಸಂಜೆ ಸಾವಿರ ಎಣಿಸಿಕೊಳ್ಳುವವರ ಬಳಿ. ಮೂವತ್ತು ವರ್ಷ ಗಣಿತ ಹೇಳಿಕೊಟ್ಟ ನಾನು ಲೆಕ್ಕ ಹಾಕಿದೆ: ಬಡ್ಡಿ ಶೇಕಡಾ ಹನ್ನೊಂದಕ್ಕೂ ಮಿಗಿಲು, ವರ್ಷಕ್ಕಲ್ಲ, ದಿನಕ್ಕೆ. ಇದನ್ನು ತಪ್ಪಿಸಲೆಂದೇ 2018ರಲ್ಲಿ ರಾಜ್ಯ ಸರ್ಕಾರ ಬಡವರ ಬಂಧು ಯೋಜನೆಯಡಿ ಹತ್ತು ಸಾವಿರದವರೆಗೆ ಬಡ್ಡಿಯಿಲ್ಲದ ಸಾಲ ಘೋಷಿಸಿತು. 2020ರ ಜೂನ್‌ನಲ್ಲಿ ಕೇಂದ್ರದ ಪಿಎಂ ಸ್ವನಿಧಿ ಸಾಲ ಯೋಜನೆ ಬಂತು. ಆರಂಭದ ವರ್ಷಗಳಲ್ಲಿ ಅದರ ಮೊದಲ ಕಂತಿಗೆ ಹತ್ತು ಸಾವಿರ, ತೀರಿಸಿದರೆ ಇಪ್ಪತ್ತು, ಆಮೇಲೆ ಐವತ್ತು ಸಾವಿರ ಸಿಗುತ್ತಿತ್ತು. ಸುತ್ತಲಿನ ಹಳ್ಳಿಗಳಿಂದ ನಗರಕ್ಕೆ ಬಂದು ಮಾರುವವರನ್ನೂ ಸ್ಥಳೀಯ ಸಂಸ್ಥೆಯ ಶಿಫಾರಸು ಪತ್ರದ ಮೇಲೆ ಫಲಾನುಭವಿಗಳೆಂದು ಒಪ್ಪಬಹುದೆಂದು ಸ್ವನಿಧಿಯ ನಿಯಮದಲ್ಲೇ ಇದೆ. ಈ ಮಾತನ್ನು ನಾನು ಹೇಳಿದಾಗ ಸೊಪ್ಪಿನ ಅಕ್ಕನೊಬ್ಬರು ನಕ್ಕು, "ಶಿಫಾರಸು ಅಂದ್ರೆ ಯಾರನ್ನ ಹಿಡಿಬೇಕು ಮೇಷ್ಟ್ರೇ?" ಎಂದರು. ಕಾಗದದ ಮೇಲಿನ ಹಕ್ಕು ಅವರ ಕಿವಿಗೆ ಉಪಕಾರವೆಂದೇ ಕೇಳುತ್ತದೆ.

ಈ ಭಾಗದ ಪಟ್ಟಣವೊಂದರಲ್ಲಿ ಕೆಲವು ವರ್ಷಗಳ ಹಿಂದೆ ಕನಕಾಂಬರ ಮಾರುತ್ತಿದ್ದ ಮುದುಕಿಯ ಬುಟ್ಟಿಯನ್ನೂ ಮೊಳ ಹಾಕಿಟ್ಟಿದ್ದ ಹೂವನ್ನೂ ತೆರವಿಗೆ ಬಂದವರು ಗಾಡಿಗೆ ಎಸೆದದ್ದನ್ನು ಕಣ್ಣಾರೆ ಕಂಡಿದ್ದೇನೆ. ವಶಪಡಿಸಿಕೊಂಡ ಸಾಮಾನಿನ ಪಟ್ಟಿಯನ್ನು ಕೈಗೆ ಕೊಡಬೇಕು, ಬೇಗ ಕೆಡುವ ಮಾಲನ್ನು ಕೇಳಿದ ದಿನವೇ ಹಿಂದಿರುಗಿಸಬೇಕು ಎಂದು 19ನೇ ಸೆಕ್ಷನ್ ಹೇಳುತ್ತದೆ. ಆಗ ನನಗೂ ಅದು ಗೊತ್ತಿರಲಿಲ್ಲ. ಗೊತ್ತಿದ್ದಿದ್ದರೆ ಬಾಯಿ ಬಿಡುತ್ತಿದ್ದೆನೋ ಇಲ್ಲವೋ, ಅದು ಬೇರೆ ಮಾತು.

ಬೆಲೆ ಏರಿದಾಗ ಕೋಪ ಮೊದಲು ತಿರುಗುವುದೂ ಇವರ ಮೇಲೆಯೇ. 2023ರ ಜುಲೈನಲ್ಲಿ ನಮ್ಮ ಎಪಿಎಂಸಿಯಲ್ಲಿ 15 ಕಿಲೋ ಟೊಮೆಟೊ ಬಾಕ್ಸ್ ಎರಡು ಸಾವಿರ ರೂಪಾಯಿ ದಾಟಿದಾಗ, ಬೆಳೆದವರನ್ನೂ ದಲ್ಲಾಳಿಯನ್ನೂ ಬಿಟ್ಟು, ಅರ್ಧ ಬಾಕ್ಸ್ ಕೊಳ್ಳಲೂ ಸಾಲ ಮಾಡಿದ ಮೂಲೆಯ ಹೆಂಗಸನ್ನು ಜನ ಬೈದದ್ದನ್ನು ಕೇಳಿದ್ದೇನೆ. ಇಂಥ ಕೋಪ ಎಲ್ಲಿಯವರೆಗೆ ಹೋಗಬಲ್ಲದೆಂಬುದಕ್ಕೆ ಆಫ್ರಿಕದ ಘಾನಾ ದೇಶದ ಅಕ್ರಾ ನಗರದಲ್ಲಿ ನಡೆದದ್ದು ನೆನಪಾಗುತ್ತದೆ. 'ಅನೌಪಚಾರಿಕ' ದುಡಿಮೆ ಎಂಬ ಅರ್ಥಶಾಸ್ತ್ರದ ಮಾತು 1970ರ ದಶಕದ ಆರಂಭದಲ್ಲಿ ಕೀತ್ ಹಾರ್ಟ್ ಎಂಬ ಮಾನವಶಾಸ್ತ್ರಜ್ಞರು ಬಳಕೆಗೆ ತಂದದ್ದೇ ಆ ಊರಿನ ಬಡವರ ದುಡಿಮೆಯನ್ನು ನೋಡಿ. ಅದೇ ಊರಿನಲ್ಲಿ 1979ರ ಆಗಸ್ಟ್‌ನಲ್ಲಿ, ಬೆಲೆಯೇರಿಕೆಗೆ ವ್ಯಾಪಾರದ ಹೆಂಗಸರೇ ಕಾರಣವೆಂದು ಹೇಳಿ, ಸೈನಿಕ ಸರ್ಕಾರ ಅವರ ಮಕೋಲಾ ಮಾರುಕಟ್ಟೆಯನ್ನು ನೆಲಸಮ ಮಾಡಿತು. ಬೆಲೆಯೇರಿಕೆ ಅದರಿಂದ ನಿಲ್ಲಲಿಲ್ಲ. ಜಗತ್ತಿನ ದುಡಿಯುವವರಲ್ಲಿ ಶೇಕಡಾ 60ಕ್ಕೂ ಹೆಚ್ಚು, ಅಂದರೆ ಸುಮಾರು 200 ಕೋಟಿ ಮಂದಿ, ಇಂಥ ಲೆಕ್ಕಕ್ಕೆ ಸಿಗದ ದುಡಿಮೆಯಲ್ಲಿದ್ದಾರೆಂದು ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆ 2018ರಲ್ಲಿ ಹೇಳಿತು. ಆದ್ದರಿಂದ ಕೋಲಾರದ ಈ ಹೆಂಗಸರು ನಗರಕ್ಕೆ ಅಂಟಿದ ವಿಶೇಷ ರೋಗವೇನೂ ಅಲ್ಲ.

ನಡೆಯುವವರ ಜಾಗದ ವಿಷಯಕ್ಕೆ ಬರುತ್ತೇನೆ. ಕಾನೂನೇ ಸಮಯ ಹಂಚಿಕೆಯ ಮೇಲೆ ಮಾರಾಟಕ್ಕೆ ಅವಕಾಶ ಕೊಡುವ ದಾರಿಯನ್ನು ತೋರಿಸಿದೆ. ಬೆಳಗಿನ ಐದರಿಂದ ಒಂಬತ್ತರವರೆಗೆ, ಅಂಗಡಿಗಳು ಬಾಗಿಲು ಹಾಕಿರುವ ಬೀದಿಗಳನ್ನು ಸೊಪ್ಪು, ಹೂವಿನವರಿಗೆಂದು ಗುರುತಿಸಿ, ನೆಲಕ್ಕೆ ಬಣ್ಣದ ಗೆರೆ ಎಳೆದು, ನಡೆಯಲು ಒಂದು ಮಗ್ಗುಲು ಬಿಟ್ಟರೆ ಎರಡೂ ಕಡೆಯವರ ಕೆಲಸ ಆಗುತ್ತದೆ. ಒಂಬತ್ತರ ಮೇಲೆ ಫುಟ್‌ಪಾತ್ ಖಾಲಿಯಾದ ಮೇಲೆ ಅಲ್ಲಿ ಬಂದು ನಿಲ್ಲುವ ಬೈಕುಗಳ ಬಗ್ಗೆಯೂ ಆ ಓದುಗರು ಒಂದು ಪತ್ರ ಬರೆದರೆ ನಾನು ಸಹಿ ಹಾಕುವೆ. ಹೆಂಗಸರಿಗೆ ಅತ್ಯಗತ್ಯವಾದ ಶೌಚಾಲಯದ ಮಾತನ್ನೂ ಇಲ್ಲಿಯೇ ಹೇಳಬೇಕು: ಬೆಳಗಿನ ಜಾವ ನಾಲ್ಕಕ್ಕೆ ಮನೆ ಬಿಟ್ಟವರು ಮರಳಿ ಮನೆ ಸೇರುವವರೆಗೆ ನೀರು ಕುಡಿಯುವುದಿಲ್ಲ, ಕಾರಣವನ್ನು ಬಿಡಿಸಿ ಹೇಳಬೇಕಿಲ್ಲ.

ಕೋಲಾರ, ಚಿಕ್ಕಬಳ್ಳಾಪುರ, ತುಮಕೂರು ಜಿಲ್ಲೆಗಳ ನಗರಾಡಳಿತಗಳಲ್ಲಿ ನನ್ನ ಬೇಡಿಕೆ ದೊಡ್ಡದಲ್ಲ. ಮುಂದಿನ ಸಮೀಕ್ಷೆ ಎಂದು ನಡೆದರೂ ಅದರ ಒಂದು ಸುತ್ತು ಬೆಳಗಿನ ಐದರಿಂದ ಎಂಟರವರೆಗೆ, ಸಂತೆಯ ದಿನವನ್ನೂ ಸೇರಿಸಿ ನಡೆಯಲಿ. ಗಾಡಿಯನ್ನು ಬರೆದುಕೊಳ್ಳುವಂತೆಯೇ ಗೋಣಿಚೀಲವನ್ನೂ ಬರೆದುಕೊಳ್ಳಲಿ, ಮಾರುವವರ ಹೆಸರನ್ನು ಮಾರುವವರಿಂದಲೇ ಕೇಳಲಿ. ಬೀದಿ ವ್ಯಾಪಾರದ ವಿಷಯ ನೋಡಿಕೊಳ್ಳುವ ಪಟ್ಟಣ ಮಾರಾಟ ಸಮಿತಿಯಲ್ಲಿ ಶೇಕಡಾ 40ರಷ್ಟು ಸದಸ್ಯರು ವ್ಯಾಪಾರಿಗಳೇ ಆಗಿರಬೇಕು, ಅವರಲ್ಲಿ ಮೂರನೇ ಒಂದು ಭಾಗ ಹೆಂಗಸರಿರಬೇಕು ಎಂದು ಕಾನೂನಿದೆ. ಆ ಸ್ಥಾನಗಳಲ್ಲಿ ಒಂದಕ್ಕಾದರೂ ನೆಲದ ಮೇಲೆ ಕುಳಿತು ಮಾರುವವರು ಬರಲಿ, ಮತ್ತು ಸಮಿತಿಯ ಸಭೆಯನ್ನು ಅವರು ಊರಿಗೆ ಮರಳುವ ಬಸ್ಸು ಹೊರಡುವ ಮುನ್ನವೇ ಕರೆಯಲಿ. ಸಮೀಕ್ಷೆಗೆ ಬರುವ ಸಿಬ್ಬಂದಿಗೆ ಯಾರು ಎಲ್ಲಿ ಕೂರುತ್ತಾರೆಂದು ತೋರಿಸುವವರು ಬೇಕಾದರೆ ನಾನು ಆ ಹೊತ್ತಿಗೆ ದಿನವೂ ಆ ಬೀದಿಯಲ್ಲಿ ನಡೆಯುತ್ತಿರುತ್ತೇನೆ. ಮಂಡಿನೋವಿದ್ದರೂ ಮೂರು ಬೀದಿ ಸುತ್ತಬಲ್ಲೆ.

ಇತಿ ತಮ್ಮ ವಿಶ್ವಾಸಿ,
ನಿವೃತ್ತ ಗಣಿತ ಶಿಕ್ಷಕ,
ಕೋಲಾರ