ಅಕ್ಕನ ಬೆಂಚುಗಳ ವಿಷಯ

ಶಾರ್ಜಾ, ಭಾನುವಾರ

ಅಮ್ಮನಿಗೆ ನಮಸ್ಕಾರ. ನಾನು ಕ್ಷೇಮ. ಇಲ್ಲಿ ಸರ್ಕಾರಿ ಕಚೇರಿಗಳಿಗೆ ವಾರಕ್ಕೆ ಮೂರು ದಿನ ರಜೆ, ಊರಲ್ಲಿ ಹೇಳಿದರೆ ಯಾರೂ ನಂಬಲಿಕ್ಕಿಲ್ಲ.

ಅಕ್ಕ ಮಲಯಾಳಂ ಸಿನಿಮಾ ನೋಡಿ ತಾನು ಪಾಠ ಮಾಡುವ ಏಳನೇ ಕ್ಲಾಸಿನ ಬೆಂಚುಗಳನ್ನೆಲ್ಲ ಗೋಡೆಗುಂಟ ತಿರುಗಿಸಿದ್ದಾಳೆ, ಕ್ಷೇತ್ರ ಶಿಕ್ಷಣಾಧಿಕಾರಿ ಬಿಇಒ ಬಂದರೆ ಕೆಲಸಕ್ಕೇ ಸಂಚಕಾರ ಎಂದು ಬರೆದಿದ್ದೀಯ. ಏನೂ ಆಗುವುದಿಲ್ಲ ಅಮ್ಮ. ನಮ್ಮ ಸರ್ಕಾರಿ ಶಾಲೆಯ ಕೆಳಗಿನ ಕ್ಲಾಸುಗಳಲ್ಲಿ ಆಡುತ್ತಾ ಕಲಿಯುವ ನಲಿಕಲಿ ಮಕ್ಕಳು ಗುಂಪಾಗಿ ಕೂರುವುದಿಲ್ಲವೇ? 1995ರಲ್ಲಿ ಎಚ್.ಡಿ. ಕೋಟೆಯಲ್ಲಿ ಶುರುವಾದದ್ದು ಅದು. ಇಲಾಖೆಗೆ ಇದು ಹೊಸತಲ್ಲ.

ಆ ಸಿನಿಮಾ 2024ರ ‘ಸ್ಥಾನಾರ್ಥಿ ಶ್ರೀಕುಟ್ಟನ್’. ಸ್ಥಾನಾರ್ಥಿ ಅಂದರೆ ಅಭ್ಯರ್ಥಿ. ಹಿಂದಿನ ಬೆಂಚಿನ ಹುಡುಗ ಶಾಲೆಯ ಚುನಾವಣೆಗೆ ನಿಲ್ಲುತ್ತಾನೆ. ಕೊನೆಗೆ ಬೆಂಚುಗಳನ್ನು ಗೋಡೆಗುಂಟ ಒಂದೇ ಸಾಲಾಗಿ ಜೋಡಿಸುತ್ತಾರೆ, ಹಿಂದಿನ ಬೆಂಚೇ ಇರುವುದಿಲ್ಲ. 2025ರಲ್ಲಿ ಕೇರಳದ ಹಲವು ಶಾಲೆಗಳು ಹಾಗೇ ಮಾಡಿದವು, ಕೊಲ್ಲಂ ಜಿಲ್ಲೆಯ ವಾಳಕದ್ದೂ ಒಂದು. ತಮಿಳುನಾಡಿನ ಇಲಾಖೆಯೂ ಇಂಗ್ಲಿಷಿನ U ಹಾಗೆ ಕಾಣುವ ತಮಿಳಿನ ‘ಪ’ ಅಕ್ಷರದಂತೆ ಕೂರಿಸಿ ಎಂದಿತು. 2021ರ ಮಲಯಾಳಂ ಸಿನಿಮಾ ‘ದಿ ಗ್ರೇಟ್ ಇಂಡಿಯನ್ ಕಿಚನ್’ ಬಂದಾಗ ಪಾತ್ರೆ ತೊಳೆಯುವವರು ಯಾರೆಂಬ ವಾದ ಮನೆಮನೆಗೆ ಹೋಗಿತ್ತು. ತಮ್ಮ ಅಡುಗೆಮನೆ, ತಮ್ಮ ಶಾಲೆ ಇದ್ದ ಹಾಗೇ ತೆರೆಯ ಮೇಲೆ ಕಂಡರೆ ಜನ ಸುಮ್ಮನೆ ಎದ್ದು ಹೋಗುವುದಿಲ್ಲ.

ಆದರೆ ಸಿನಿಮಾದಲ್ಲಿ ಕಾಣದ ತೊಂದರೆಗಳಿವೆ, ಅಕ್ಕನಿಗೆ ಓದಿ ಹೇಳು. ಇಪ್ಪತ್ತಡಿ ಚೌಕದ ಕೋಣೆಗೆ 24 ಮಕ್ಕಳು ಸಾಕು: ಐದಡಿಯ ಎಂಟು ಬೆಂಚು, ಎಡಬಲಕ್ಕೆ ಮೂರು ಮೂರು, ಹಿಂದೆ ಎರಡು. ಬೋರ್ಡಿನಿಂದ ನಾಲ್ಕಡಿ ಬಿಡಲಿ, ಇಲ್ಲದಿದ್ದರೆ ಮೊದಲಿನವರಿಗೆ ಅಕ್ಷರ ಓರೆಯಾಗಿ ಕಾಣುತ್ತದೆ. ಪಕ್ಕದ ಬೆಂಚುಗಳನ್ನು ಗೋಡೆಗೆ ಪೂರ್ತಿ ತಾಗಿಸಿ ಇಡಬಾರದು. ಬೋರ್ಡಿನ ಕಡೆಯ ತುದಿ ಗೋಡೆಗಿರಲಿ, ಇನ್ನೊಂದು ತುದಿಯನ್ನು ಒಂದಡಿ ಒಳಕ್ಕೆಳೆಯಲಿ. ಆಗ ಕತ್ತು ಅಷ್ಟು ತಿರುಗಿಸಬೇಕಿಲ್ಲ. ಆದರೂ ಎಡದವರು ಸದಾ ಎಡಕ್ಕೇ ನೋಡುತ್ತಾರೆ, ಅದಕ್ಕೆ ಪ್ರತಿ ಸೋಮವಾರ ಎಡಬಲ ಅದಲುಬದಲಾಗಬೇಕು. ಕಿಟಕಿಯ ಬೆಳಕು ಬೋರ್ಡಿಗೆ ಬಡಿದು ಹೊಳೆದರೆ ಆ ಕಿಟಕಿ ಮುಚ್ಚಲಿ. 24 ದಾಟಿ 40 ಮಕ್ಕಳಾದರೆ ಒಳಗೊಂದು ಸಾಲು ಬರುತ್ತದೆ, ಹಿಂದಿನ ಬೆಂಚು ಮತ್ತೆ ಹುಟ್ಟುತ್ತದೆ. ಅಂಥ ಕ್ಲಾಸಿಗೆ ಇದು ಬೇಡ.

ಹೆಡ್‌ಮಾಸ್ಟರಿಗೂ ಶಾಲೆಯ ಪೋಷಕರ ಸಮಿತಿಯಾದ ಎಸ್‌ಡಿಎಂಸಿಗೂ ಬಿಇಒ ಬರುವ ಮೊದಲೇ ತಿಳಿಸಿ, ಎಸ್‌ಡಿಎಂಸಿ ನಡಾವಳಿ ಪುಸ್ತಕದಲ್ಲಿ ಒಂದು ಸಾಲು ಬರೆಸಿಕೊಳ್ಳಲಿ. ಕೆಲಸಕ್ಕೆ ಏನೂ ಆಗುವುದಿಲ್ಲ, ಖಂಡಿತ ಆಗುವುದಿಲ್ಲ, ನೀನು ರಾತ್ರಿ ನಿದ್ದೆ ಕೆಡಿಸಿಕೊಳ್ಳಬೇಡ. ಬಸ್ಸಿಗೆ ಹೊತ್ತಾಯಿತು. ಅಪ್ಪನಿಗೆ ನಮಸ್ಕಾರ ತಿಳಿಸು.

ನಿನ್ನ ಮಗ